ಕಾವಲು ಕೋಲಿನ ಹಿಂದೆ ಹೋದ ಕ್ಯಾಮೆರಾ

ಸಾಕ್ಷ್ಯಚಿತ್ರ ಮಾಡಬೇಕೆಂದು ನನ್ನ ಹತ್ತಿರ ಬರುವ ಹುಡುಗ ಹುಡುಗಿಯರು ಮೊದಲು ಕೇಳುವುದು, "ಯಾವ ಕ್ಯಾಮೆರಾ ತಗೊಳ್ಳಲಿ ಮೇಡಂ?" ಎಂದು. ಗಟ್ಟಿ ಚಪ್ಪಲಿ ತಗೊಳ್ಳಿ ಎನ್ನುತ್ತೇನೆ. ತಮಾಷೆ ಎಂದುಕೊಂಡು ನಗುತ್ತಾರೆ. ನನಗೆ ಸಿಟ್ಟು ಬರುತ್ತದೆ. ನಾನು ಈ ಕೆಲಸದಲ್ಲಿ ಸವೆಸಿದ್ದು ಕಣ್ಣಿಗಿಂತ ಕಾಲನ್ನೇ ಹೆಚ್ಚು. ಜಗಳೂರಿನ ಕಡೆಯ ಬಿಸಿಲಿನಲ್ಲಿ, ಚನ್ನಗಿರಿಯ ಕೆರೆ ಏರಿಗಳ ಮೇಲೆ, ಹೊನ್ನಾಳಿಯ ಬಸ್ ಸ್ಟ್ಯಾಂಡಿನಲ್ಲಿ ನಿಂತು ನಿಂತು ಸವೆದ ಕಾಲು ಇವು. ಈಗ ಮಂಡಿ ನೋವಿಗೆ ಎಣ್ಣೆ ಹಚ್ಚಿಕೊಳ್ಳುತ್ತ ಆ ದಿನಗಳನ್ನು ನೆನೆಸಿಕೊಂಡರೆ ನೋವೂ ಸ್ವಲ್ಪ ಹಿತವಾಗಿಯೇ ಇರುತ್ತದೆ.

ಆಫೀಸಿನ ಕಡತಗಳಲ್ಲಿ ನನ್ನ ವಿಷಯಕ್ಕೆ 'ಭದ್ರತೆ ಮತ್ತು ಸಮಾಜ' ಎಂದು ಹೆಸರಿತ್ತು. ಕೇಳಿದರೆ ನಿದ್ದೆ ಬರುವಂಥ ಹೆಸರು. ನಾನು ಮಾತ್ರ ಕಾವಲು ಎನ್ನುತ್ತಿದ್ದೆ. ಯಾರು ಏನನ್ನು ಕಾಯುತ್ತಾರೆ, ಯಾರಿಗೆ ಹೆದರಿ ಕಾಯುತ್ತಾರೆ, ಇದಿಷ್ಟೇ ನಾನು ಜೀವಮಾನವಿಡೀ ಕೇಳಿದ್ದು. ಈ ಹುಚ್ಚು ಹತ್ತಿದ್ದು ನಮ್ಮಪ್ಪನಿಂದ. ಚನ್ನಗಿರಿಯಲ್ಲಿ ಅಪ್ಪ ರಸ್ತೆ ಬದಿ ಕೂತು ಬೀಗ ರಿಪೇರಿ ಮಾಡುತ್ತಿದ್ದರು. ಬೀಗ ಹಿಡಿದು ಬಂದವರು ಬೀಗದ ವಿಷಯ ಎರಡು ಮಾತಿನಲ್ಲಿ ಮುಗಿಸಿ, ಆಮೇಲೆ ಮನೆಯವರ ವಿಷಯ ತೆಗೆಯುತ್ತಿದ್ದರು. ತಮ್ಮ ಬೇರೆಯಾದ, ಅಳಿಯ ಬಂದು ತಳವೂರಿದ, ಪಕ್ಕದ ಮನೆಯವಳ ಕಣ್ಣು ಸರಿಯಿಲ್ಲ. ಬೀಗ ಹಾಕುವುದು ಹೆಚ್ಚಾಗಿ ಪರಿಚಯದವರಿಗೇ ಎಂಬುದು ನನಗೆ ಸ್ಕೂಲಿಗೆ ಹೋಗುವಾಗಲೇ ಗೊತ್ತಾಗಿತ್ತು.

ಕ್ಯಾಮೆರಾ ಹಿಡಿದವನು ಇಕ್ಬಾಲ್. ದಾವಣಗೆರೆಯವನು, ಮದುವೆ ವಿಡಿಯೊ ತೆಗೆದು ಕೈ ಪಳಗಿಸಿಕೊಂಡಿದ್ದ. ನಾವಿಬ್ಬರೂ ಮೊದಲ ಸಲ ಜಗಳೂರಿನ ಕಡೆ ಹೋದದ್ದು ಶೇಂಗಾ ರಾಶಿ ಕಾಯುವವರ ಚಿತ್ರಕ್ಕೆ. ಹೋದ ದಿನವೇ ಪೇಚಿಗೆ ಬಿದ್ದೆವು. ಆ ವಾರ ಮಕ್ಕಳ ಕಳ್ಳರು ಬಂದಿದ್ದಾರೆ ಎಂಬ ಸುದ್ದಿ ಎದ್ದಿತ್ತು. ಆಗ ಸುದ್ದಿ ಫೋನಿನಲ್ಲಿ ಬರುತ್ತಿರಲಿಲ್ಲ, ಬಸ್ಸಿನಲ್ಲಿ ಬರುತ್ತಿತ್ತು. ನಮಗೆ ಗೊತ್ತಿಲ್ಲ. ಇಕ್ಬಾಲ್ ಊರೊಳಗೆ ಕಾಲಿಟ್ಟವನೇ ಮಕ್ಕಳನ್ನು ಕರೆದು ಕ್ಯಾಮೆರಾದಲ್ಲಿ ಇಣುಕಿ ನೋಡಿ ಎಂದ. ಕಣ್ಣು ಮುಚ್ಚಿ ತೆಗೆಯುವುದರೊಳಗೆ ಸುತ್ತ ಜನ. ನಮ್ಮನ್ನು ಗರಡಿ ಮನೆಯ ಕಟ್ಟೆಯ ಮೇಲೆ ಕೂರಿಸಿದರು.

"ಚೀಲದಾಗೆ ಏನೈತೆ, ತೆಗೀರಿ ಹೊರಗೆ," ಎಂದರು ಒಬ್ಬ ಹಿರಿಯರು.

ಬ್ಯಾಟರಿ, ವೈರು, ಇಕ್ಬಾಲನ ಹೆಂಡತಿ ಕಟ್ಟಿಕೊಟ್ಟಿದ್ದ ರೊಟ್ಟಿ ಬಂತು. ಕ್ಯಾಸೆಟ್ಟಿನಲ್ಲಿ ಏನಿದೆ ತೋರಿಸು ಎಂದರು. ಇಕ್ಬಾಲ್ ಮಹಾಶಯ ಹೊಸ ಕ್ಯಾಸೆಟ್ ಉಳಿಸಲು ಹೋಗಿ ಯಾವುದೋ ಹಳೆಯ ಮದುವೆಯ ಕ್ಯಾಸೆಟ್ ಹಾಕಿಕೊಂಡು ಬಂದಿದ್ದ. ಪುಟ್ಟ ಪರದೆಯಲ್ಲಿ ಧಾರೆ, ಅಕ್ಕಿಕಾಳು, ಊಟದ ಪಂಕ್ತಿ. ಬಗ್ಗಿ ನೋಡುತ್ತಿದ್ದ ಒಬ್ಬ ಕೂಗಿಬಿಟ್ಟ: "ಏ ತಡೀರೋ, ಇದು ನಮ್ಮ ಷಡ್ಡಕನ ಮದುವಿ! ನೋಡ್ರೋ, ಪಲ್ಯ ಬಡಸಾಕೆ ನಿಂತಿರೋನು ನಾನೇ!"

ಬಿಟ್ಟದ್ದಷ್ಟೇ ಅಲ್ಲ, ಊಟ ಹಾಕಿ ಕಳಿಸಿದರು. ಬಸ್ಸಿನಲ್ಲಿ ಇಕ್ಬಾಲನಿಗೆ ಚೆನ್ನಾಗಿ ಬೈದೆ, ಹೊಟ್ಟೆ ತುಂಬ ನಕ್ಕೆ ಕೂಡ. ಅಂದಿನಿಂದ ಒಂದು ಪದ್ಧತಿ ಮಾಡಿಕೊಂಡೆವು. ಯಾವ ಊರಿಗೆ ಹೋದರೂ ಮೊದಲ ದಿನ ಕ್ಯಾಮೆರಾ ಹೊರಗೆ ತೆಗೆಯುವುದಿಲ್ಲ. ಟೀ ಅಂಗಡಿಯಲ್ಲಿ ಕೂತು, ನಾವು ಯಾರು, ಯಾರ ಮಕ್ಕಳು ಎಂದು ಜನ ಕೇಳಿದ್ದಕ್ಕೆಲ್ಲ ಉತ್ತರ ಕೊಡುವುದು. ಪರರನ್ನು ಪ್ರಶ್ನೆ ಕೇಳುವ ಕೆಲಸದವರು ಮೊದಲು ತಾವು ಉತ್ತರ ಹೇಳಿ ಅಭ್ಯಾಸ ಮಾಡಿಕೊಳ್ಳಬೇಕು.

ಬೆಂಗಳೂರಿನಲ್ಲಿ ನಮಗೊಬ್ಬ ನಿರ್ಮಾಪಕ ಸಾಹೇಬರಿದ್ದರು. ಮನುಷ್ಯ ಕೆಟ್ಟವರಲ್ಲ, ಸಂಬಳ ತಡ ಮಾಡಿದವರಲ್ಲ. ಆದರೆ ಅವರಿಗೆ ಕಳ್ಳ ಬೇಕು. ಸೂಳೆಕೆರೆಯಲ್ಲಿ ಬಲೆ ಕಾಯುವ ಮೀನುಗಾರರ ಮೇಲೆ ಚಿತ್ರ ಮಾಡಿ ತೋರಿಸಿದೆ. ಪೂರ್ತಿ ನೋಡಿ, ಕನ್ನಡಕ ತೆಗೆದು, "ಎಲ್ಲ ಸರಿ ಕಣಮ್ಮಾ, ಕಳ್ಳ ಎಲ್ಲಿ?" ಎಂದರು. ಕಳ್ಳ ಇಲ್ಲ ಸರ್, ಮೀನಿದೆ ಎಂದೆ. ಹಾಗಾದರೆ ಒಂದಿಷ್ಟು ಭಯದ ಮ್ಯೂಸಿಕ್ ಹಾಕು ಎಂದರು. ಶಾಂತವಾಗಿ ಮಲಗಿರುವ ಆ ಕೆರೆಯ ನೀರಿಗೆ ಡಂ ಡಂ ಎಂದು ಮ್ಯೂಸಿಕ್ ಹಾಕಿದ ಚಿತ್ರ ಈಗಲೂ ಎಲ್ಲೋ ಇದೆ. ನನ್ನ ಹೆಸರೂ ಅದರಲ್ಲಿದೆ, ಏನು ಮಾಡುವುದು.

ಆದರೂ ಆ ಕೆರೆಯ ದಿನಗಳು ನನಗೆ ಬಹಳ ಇಷ್ಟ. ಕ್ಯಾಸೆಟ್ಟಿನ ಕಾಲ ಅದು. ಕ್ಯಾಸೆಟ್ ಕಡಿಮೆ, ಆದ್ದರಿಂದ ಬಟನ್ ಒತ್ತುವ ಮೊದಲು ತುಂಬ ಹೊತ್ತು ಸುಮ್ಮನೆ ನೋಡಬೇಕಿತ್ತು. ಏರಿಯ ಮೇಲೆ ಕೂತು ಕೂತು, ಮೀನುಗಾರರು ನಮ್ಮನ್ನು ಮರೆತು ತಮ್ಮ ಪಾಡಿಗೆ ಜಗಳವಾಡುವವರೆಗೆ ಕಾಯುತ್ತಿದ್ದೆವು. ಈಗಿನವರು ಕಾರಿನಿಂದ ಇಳಿಯುವಾಗಲೇ ರೆಕಾರ್ಡ್ ಮಾಡುತ್ತ ಇಳಿಯುತ್ತಾರೆ. ಮನೆಗೆ ಹೋಗಿ ಕಂಪ್ಯೂಟರಿನಲ್ಲಿ ನೋಡಿದಾಗ ಆ ಊರು ಹೇಗಿತ್ತು ಎಂದು ಅವರಿಗೆ ಗೊತ್ತಾಗುತ್ತದೆ. ನಾನು ಹೊಸ ಸಾಮಾನಿಗೆ ವಿರೋಧಿಯಲ್ಲ. ಕಾಯುವುದರ ರುಚಿ ನಿಮಗೆ ಸಿಗಲಿಲ್ಲವಲ್ಲ ಎಂದು ಹೊಟ್ಟೆ ಉರಿಯುತ್ತದೆ, ಅಷ್ಟೇ.

ಈಗ ಕೊನೆಯ ಚಿತ್ರದ ವಿಷಯಕ್ಕೆ ಬರುತ್ತೇನೆ. ನಿಜವಾಗಿ ಹೇಳಬೇಕೆಂದು ಕೂತದ್ದು ಅದನ್ನೇ.

ಹೊನ್ನಾಳಿಯಲ್ಲಿ ಎಟಿಎಂ ಕಾಯುವ ಹನುಮಂತ ಎಂಬವನನ್ನು ಚಿತ್ರೀಕರಿಸುತ್ತಿದ್ದೆವು. ನಲವತ್ತು ದಾಟಿದ ಮನುಷ್ಯ. ಇಸ್ತ್ರಿ ಮಾಡಿದ ಯೂನಿಫಾರಂ, ಮಿರಿಮಿರಿ ಬೂಟು. ಬರುವ ಹೋಗುವವರಿಗೆ ಕಾರ್ಡ್ ಹಾಕುವುದನ್ನೂ ಹೇಳಿಕೊಟ್ಟು, ಯಾರಾದರೂ ಪಿನ್ ಒತ್ತುವಾಗ ಮುಖ ಆ ಕಡೆ ತಿರುಗಿಸಿಕೊಳ್ಳುತ್ತಿದ್ದ. ಎರಡನೆಯ ದಿನ ಅವನೇ ಮಾತು ತೆಗೆದ.

"ಮೇಡಂ, ಈ ಡಬ್ಬಿ ಕಾಯೋದ್ರಾಗೆ ಏನೈತೆ? ನಮ್ಮೂರಿಗೆ ಬರ್ರಿ. ಅಲ್ಲಿ ಕಾವಲು ಕೋಲು ಐತೆ, ಅದನ್ನ ತೆಗೀರಿ."

ಅವನ ಊರು ಹೊನ್ನಾಳಿಗೂ ನ್ಯಾಮತಿಗೂ ನಡುವೆ ಎಲ್ಲೋ ಇದೆ. ಹೆಸರು ಬರೆಯುವುದಿಲ್ಲ. ಅಲ್ಲಿ ತೋಟ ಹೊಲಗಳ ಬೋರ್‌ವೆಲ್ ಕೇಬಲ್ ಕದಿಯುವವರ ಕಾಟ. ಅದಕ್ಕೆ ಊರವರೇ ಸರದಿ ಪ್ರಕಾರ ಕಾವಲು ಕಾಯುತ್ತಾರೆ. ಸರದಿ ನೆನಪಿಡಲು ಬಿದಿರಿನ ಒಂದು ಕೋಲು. ಬೆಳಿಗ್ಗೆ ಯಾರ ಬಾಗಿಲಿಗೆ ಕೋಲು ಒರಗಿಸಿದೆಯೋ ಆ ಮನೆಯ ಗಂಡಸು ಅಂದು ರಾತ್ರಿ ಗಸ್ತು ಹೋಗಬೇಕು. ಮರುದಿನ ಬೆಳಿಗ್ಗೆ ಅವನು ಅದನ್ನು ಪಕ್ಕದ ಮನೆಯ ಬಾಗಿಲಿಗೆ ಇಡಬೇಕು. ಯಾರೂ ಯಾರನ್ನೂ ಕರೆಯುವಂತಿಲ್ಲ, ನೆಪ ಹೇಳುವಂತಿಲ್ಲ. ನನಗೆ ಕೇಳಿದ ಕೂಡಲೇ ಕಿವಿ ನಿಮಿರಿತು.

ಹೋದೆವು. ಮೊದಲ ದಿನ ಟೀ ಅಂಗಡಿಯ ಪದ್ಧತಿ ಮುಗಿಸಿ, ಎರಡನೆಯ ದಿನದಿಂದ ಕೋಲಿನ ಹಿಂದೆ ಬಿದ್ದೆವು. ಬಸವಣ್ಣನ ಗುಡಿಯ ಪಕ್ಕದ ಮಹೇಶ್ವರಪ್ಪನವರ ಮನೆ ಸರದಿಯಲ್ಲಿ ಮೊದಲನೆಯದು. ಅವರು ಊರಿನ ಹಿರಿಯರು, ಗೊಬ್ಬರದ ಅಂಗಡಿ ಇಟ್ಟವರು. ಒಳ್ಳೆಯ ಮನುಷ್ಯ. ಇದನ್ನು ವ್ಯಂಗ್ಯವಾಗಿ ಹೇಳುತ್ತಿಲ್ಲ. ನಾವು ಹೋದಷ್ಟು ದಿನ ಮಧ್ಯಾಹ್ನದ ಊಟ ಅವರ ಮನೆಯಲ್ಲೇ. ಅವರ ತಾಯಿ ಗೌರಮ್ಮ, ಕಣ್ಣು ಮಂದವಾದರೂ ನಾಲಿಗೆ ಮಂದವಾಗದ ಮುದುಕಿ, ಇಕ್ಬಾಲನ ತಟ್ಟೆಗೆ ತುಪ್ಪ ಸುರಿಯುತ್ತಲೇ ಇದ್ದರು.

ಕೆಲಸವಿದ್ದಾಗಲೆಲ್ಲ ಹೋಗಿ ಬಂದು, ತಿಂಗಳುಗಟ್ಟಲೆ ಕೋಲಿನ ಬೆನ್ನು ಹತ್ತಿದೆವು. ಕೊನೆಗೆ ಅದು ಊರಂಚಿನ ಮೋರಿಯ ಹತ್ತಿರದ ರೇಣುಕಮ್ಮನ ಮನೆಗೆ ಬಂತು. ರೇಣುಕಮ್ಮ ಮನೆ ಮುಂದೆಯೇ ಸಣ್ಣ ಅಂಗಡಿ ಇಟ್ಟವಳು. ಅವಳ ತಮ್ಮ ಗಸ್ತು ಮುಗಿಸಿ, ಬೆಳಿಗ್ಗೆ ಕೋಲನ್ನು ಹೆಗಲ ಮೇಲೆ ಹೊತ್ತು ಊರುದ್ದ ವಾಪಸ್ ನಡೆದು, ಮಹೇಶ್ವರಪ್ಪನವರ ಬಾಗಿಲಿಗೆ ಇಟ್ಟ. ಮೋರಿಯ ಆಚೆ, ಕೂಗಿದರೆ ಕೇಳುವಷ್ಟು ಹತ್ತಿರದಲ್ಲಿ ದಲಿತರ ಕಾಲೋನಿ. ಹನುಮಂತನ ಮನೆ ಇದ್ದದ್ದು ಅಲ್ಲಿ.

ನಾನು ಮಹೇಶ್ವರಪ್ಪನವರನ್ನು ಕೇಳಿದೆ. ಅವರಿಗೆ ಒಂದು ಚೂರೂ ಮುಜುಗರವಾಗಲಿಲ್ಲ.

"ಪಾಪ, ಅವರು ಹಗಲೆಲ್ಲ ದುಡಿದು ದಣಿದಿರ್ತಾರೆ ಮೇಡಂ. ರಾತ್ರಿನೂ ಯಾಕೆ ತ್ರಾಸು ಕೊಡಾಕೆ ಹೋಗಬೇಕು ಅಂತ ಹಿರೇರು ಬಿಟ್ಟಿದ್ರು. ಹಂಗೇ ನಡ್ಕೊಂಡು ಬಂದೈತೆ."

ಅವರು ಅದನ್ನು ಉಪಕಾರ ಎಂದೇ ನಂಬಿದ್ದರು. ಆ ಉಪಕಾರದ ಫಲ ಏನೆಂದು ಹನುಮಂತ ತನ್ನ ಮನೆಯಲ್ಲಿ, ಬುದ್ಧನ ಪಟದ ಕೆಳಗೆ ಕೂತು ಹೇಳಿದ. ಕೇಬಲ್ ಹೋದಾಗಲೆಲ್ಲ ಪೊಲೀಸರು ಬರುತ್ತಾರೆ. ಕಾವಲು ಯಾರು ಯಾರು ಎಂದು ಕೇಳುತ್ತಾರೆ. ಕಾವಲಿನಲ್ಲಿ ಇಲ್ಲದವರು ಕಾಲೋನಿಯವರು ಮಾತ್ರ. ಅಲ್ಲಿಗೆ ಜೀಪು ಮೋರಿ ದಾಟುತ್ತದೆ. ಹನುಮಂತನನ್ನು ಆಗಲೇ ಎರಡು ಸಲ ಠಾಣೆಗೆ ಕರೆದು ಕೂರಿಸಿದ್ದರು. ಅವನನ್ನು ಕೆಲಸಕ್ಕೆ ಇಟ್ಟ ಏಜೆನ್ಸಿಯ ಸೂಪರ್‌ವೈಸರ್ ಕಡ್ಡಿ ಮುರಿದಂತೆ ಹೇಳಿದ್ದ: ಇನ್ನೊಂದು ಸಲ ಠಾಣೆಯಲ್ಲಿ ನಿನ್ನ ಹೆಸರು ಬಂದರೆ ಯೂನಿಫಾರಂ ಬಿಚ್ಚಿಟ್ಟು ಹೋಗು.

"ಹೊನ್ನಾಳಿಯೋರ ದುಡ್ಡು ಕಾಯಾಕೆ ನಾನು ಆಗ್ತೀನಿ. ನಮ್ಮೂರು ಕಾಯಾಕೆ ಆಗಲ್ಲ," ಎಂದ. "ಆ ಕೋಲು ಒಂದ್ಸಲ ನಮ್ಮ ಬಾಗ್ಲಿಗೆ ಬಂದ್ರೆ ಸಾಕು ಮೇಡಂ. ಇವರು ಕಳ್ಳರಲ್ಲ, ಕಾಯೋರು ಅಂತ ಊರೇ ಒಪ್ಪಿದಂಗೆ. ಆಮೇಲೆ ಜೀಪಿಗೆ ನಮ್ಮ ಕಡೆ ಏನು ಕೆಲಸ?"

ಈ ಮನುಷ್ಯ ನಮ್ಮನ್ನು ಊರಿಗೆ ಯಾಕೆ ಕರೆದಿದ್ದ ಎಂಬುದು ಆಗ ಅರ್ಥವಾಯಿತು. ನನಗೆ ಅವನ ಮೇಲೆ ಗೌರವವೂ ಬಂತು, ಭಯವೂ ಆಯಿತು. ಚಿತ್ರ ಎಡವಟ್ಟಾದರೆ ಕೆಲಸ ಹೋಗುವುದು ಅವನದ್ದು, ನನ್ನದಲ್ಲ.

ಅವನ ಮಾತುಗಳನ್ನೆಲ್ಲ ಚಿತ್ರೀಕರಿಸಿದ್ದೆವು. ಸಾಹೇಬರು ನೋಡಿ, "ಇದನ್ನೇ ಮುಂದಿಡು, ಇವನ ಕಣ್ಣೀರಿನ ಹತ್ತಿರ ಕ್ಯಾಮೆರಾ ಹೋಗಲಿ," ಎಂದರು. ನಾನು ಒಪ್ಪಲಿಲ್ಲ. ಅವನು ಊರಿನ ಮೇಲೆ ದೂರು ಹೇಳಿದ ಎಂದಾದರೆ ಊರು ಅವನ ವಿರುದ್ಧ ನಿಲ್ಲುತ್ತದೆ, ಕೋಲಿನ ಮಾತು ಅಲ್ಲಿಗೆ ಮುಗಿಯುತ್ತದೆ. ನನ್ನ ವೃತ್ತಿಯಲ್ಲಿ ಸಾಹೇಬರ ಜೊತೆ ಅಷ್ಟು ಜೋರಾಗಿ ಜಗಳವಾಡಿದ್ದು ಅದೊಂದೇ ಸಲ. ನಿವೃತ್ತಿ ಹತ್ತಿರವಿತ್ತು, ಧೈರ್ಯವೂ ಸ್ವಲ್ಪ ಅಗ್ಗವಾಗಿತ್ತು ಎನ್ನಿ. ಕೊನೆಗೆ ಅವರು ಕೈ ಚೆಲ್ಲಿ, "ಏನಾದರೂ ಮಾಡ್ಕೋ ಹೋಗಮ್ಮಾ," ಎಂದರು. ಹನುಮಂತನನ್ನು ಚಿತ್ರದಿಂದ ಪೂರ್ತಿ ತೆಗೆದೆ. ಕಾಮೆಂಟರಿಯೂ ಇಲ್ಲ. ಕೋಲು ಎಲ್ಲಿಗೆ ಹೋಗುತ್ತದೋ ಅಲ್ಲಿಗೆ ಚಿತ್ರ ಹೋಗುತ್ತದೆ.

ಒಂದು ಜಾಗ ಬಿಟ್ಟು. ಅದು ಇಕ್ಬಾಲನ ತಲೆಯಿಂದ ಬಂದದ್ದು. ರೇಣುಕಮ್ಮನ ತಮ್ಮ ಮೋರಿಯ ಹತ್ತಿರ ಹಿಂದಕ್ಕೆ ತಿರುಗಿದಾಗ ಇಕ್ಬಾಲ್, "ಕೋಲು ತಿರುಗ್ತು ಅಂತ ನಾವ್ಯಾಕೆ ತಿರುಗ್ಬೇಕು ಮೇಡಂ? ಚಲೋ, ಮುಂದಕ್ಕೆ ಹೋಗಾಣ," ಎಂದು ಕ್ಯಾಮೆರಾ ನಿಲ್ಲಿಸದೆ ಮೋರಿ ದಾಟಿ, ಕಾಲೋನಿಯ ಬಾಗಿಲುಗಳನ್ನು ಒಂದೊಂದಾಗಿ ತೋರಿಸುತ್ತ ನಡೆದಿದ್ದ.

ಮೊದಲ ಪ್ರದರ್ಶನ ಆ ಊರಿನಲ್ಲೇ ಎಂದು ನಾನು ಹಟ ಹಿಡಿದಿದ್ದೆ. ಹಾಲಿನ ಡೈರಿಯ ಅಂಗಳದಲ್ಲಿ ಸಂಜೆ ಬಿಳಿ ಪರದೆ ಕಟ್ಟಿದೆವು. ಊರೇ ಸೇರಿತು. ಕಾಲೋನಿಯವರು ಹಿಂದೆ ನಿಂತರು. ಹನುಮಂತ ಇಸ್ತ್ರಿ ಅಂಗಿಯಲ್ಲಿ ಬಂದಿದ್ದ. ತನ್ನ ಮಾತು ಚಿತ್ರದಲ್ಲಿಲ್ಲ ಎಂದು ಹೇಳಿದಾಗ, "ಅಲ್ರೀ ಮೇಡಂ, ಅಷ್ಟು ತಿಂಗಳು ತೆಗೆದು ನಾನೇ ಇಲ್ಲ ಅಂದ್ರೆ ಹೆಂಗೆ?" ಎಂದು ಮುಖ ದಪ್ಪ ಮಾಡಿಕೊಂಡು ದೂರ ಹೋಗಿ ನಿಂತ.

ಚಿತ್ರ ಶುರುವಾಯಿತು. ಪರದೆಯ ಮೇಲೆ ಬಾಗಿಲು, ಬಾಗಿಲಿಗೆ ಒರಗಿದ ಕೋಲು. ತಮ್ಮ ಮನೆ ಬಂದ ಕೂಡಲೇ ಮಕ್ಕಳು "ನಮ್ಮನೆ! ನಮ್ಮನೆ!" ಎಂದು ಕೂಗುತ್ತಿದ್ದರು, ದೊಡ್ಡವರು ಸಿಳ್ಳೆ ಹೊಡೆಯುತ್ತಿದ್ದರು. ರೇಣುಕಮ್ಮನ ಅಂಗಡಿ ಬಂದಾಗಲಂತೂ ದೊಡ್ಡ ಗದ್ದಲ. ಕೋಲು ಹಿಂದಕ್ಕೆ ತಿರುಗಿತು, ಕ್ಯಾಮೆರಾ ಮೋರಿ ದಾಟಿತು. ಒಂದು ಬಾಗಿಲು. ಇನ್ನೊಂದು ಬಾಗಿಲು. ಗದ್ದಲ ನಿಂತಿತು. ಆಗ ಹಿಂದಿನಿಂದ ಕಾಲೋನಿಯ ಒಂದು ಹೆಣ್ಣುಮಗು ಉಳಿದ ಮಕ್ಕಳ ಹಾಗೇ ಖುಷಿಯಿಂದ "ನಮ್ಮನೆ!" ಎಂದು ಕೂಗಿತು.

ಮುಂದಿನ ಕುರ್ಚಿಯಲ್ಲಿ ಕೂತಿದ್ದ ಗೌರಮ್ಮ ಕಣ್ಣು ಕಿರಿದು ಮಾಡಿಕೊಂಡು ಮಗನನ್ನು ಗಟ್ಟಿಯಾಗಿ ಕೇಳಿದರು: "ಮಹೇಶಾ, ಈ ಬಾಗ್ಲಾಗೆ ಕೋಲೆಲ್ಲೋ? ನನಗೆ ಕಾಣ್ತಿಲ್ಲ."

"ಸುಮ್ಕಿರವ್ವಾ," ಎಂದರು ಮಹೇಶ್ವರಪ್ಪ.

ಚಿತ್ರ ಮುಗಿದ ಮೇಲೆ ಅವರು ನನ್ನ ಹತ್ತಿರ ಬಂದರು. ಅಷ್ಟು ದಿನ ಅನ್ನ ಹಾಕಿದ ಮನುಷ್ಯನ ಮುಖ ನೋಡಲು ನನಗೆ ಕಷ್ಟವಾಯಿತು. "ಊರ ಮಾನ ಕಳೆದ್ರಿ ಮೇಡಂ," ಎಂದರು. ನಾನು ಬೇರೇನೂ ಹೇಳದೆ, ಕೋಲು ಅಲ್ಲಿಗೂ ಹೋಗಲಿ ಬಿಡಿ, ಕಾಯುವವರು ಹೆಚ್ಚಾಗುತ್ತಾರೆ ಎಂದೆ. ಅವರು ದನಿ ತಗ್ಗಿಸಿ ನಿಜ ಹೇಳಿದರು: "ಕೊಡೋದು ದೊಡ್ಡದಲ್ರೀ. ಅಲ್ಲಿಂದ ತಿರುಗಿ ಬರೋ ಕೋಲು ಮೊದಲು ನಮ್ಮನೆ ಬಾಗ್ಲಿಗೇ ಅಲ್ವಾ ಬರೋದು? ಅದನ್ನ ಎತ್ಕೊಬೇಕಾದೋರು ನಾವು."

ಅಷ್ಟು ವರ್ಷ ಕಾವಲಿನ ವಿಷಯ ಓದಿ, ಅಲೆದು, ಚಿತ್ರ ತೆಗೆದವಳಿಗೆ ಇದು ಹೊಳೆದಿರಲಿಲ್ಲ. ನಾನು ಕೊಡುವುದನ್ನೇ ನೋಡುತ್ತಿದ್ದೆ. ಗಂಟು ಇದ್ದದ್ದು ತೆಗೆದುಕೊಳ್ಳುವುದರಲ್ಲಿ.

ಆಮೇಲೆ ಏನಾಯಿತೆಂದು ನನಗೆ ಹನುಮಂತ ಫೋನಿನಲ್ಲಿ ಹೇಳಿದ. ಊರಿನಲ್ಲಿ ಇನ್ನೊಂದು ಕೇಬಲ್ ಹೋಯಿತು. ಪೊಲೀಸಪ್ಪ ಬಂದು ರೇಣುಕಮ್ಮನ ಅಂಗಡಿಯಲ್ಲಿ ಟೀ ಕುಡಿಯುತ್ತ ಹನುಮಂತ ಮನೆಯಲ್ಲಿದ್ದಾನಾ ಎಂದು ವಿಚಾರಿಸಿದ, ನಾಳೆ ಬರುತ್ತೇನೆ ಎಂದು ಹೋದ. ಆ ಹೊತ್ತಿಗೆ ಕೋಲು ರೇಣುಕಮ್ಮನ ಮನೆಯಲ್ಲೇ ಇತ್ತು. ಮರುದಿನ ಬೆಳಿಗ್ಗೆ ತಮ್ಮ ಗಸ್ತು ಮುಗಿಸಿ ಬಂದಾಗ ಅವಳು ಅವನ ಕೈಯಿಂದ ಕೋಲು ಕಿತ್ತುಕೊಂಡು, ಸೆರಗು ಸಿಕ್ಕಿಸಿ, ಮೋರಿ ದಾಟಿ ಕಾಲೋನಿಯ ಮೊದಲ ಮನೆಯ ಬಾಗಿಲಿಗೆ ಇಟ್ಟು ಬಂದಳು. ಕೇಳಲು ಬಂದವರಿಗೆ, "ಪಕ್ಕದ ಮನಿಗೆ ಇಡಬೇಕು ಅಂತಲ್ವಾ ನೀವೇ ಮಾಡಿದ್ದು? ನಮಗೆ ಪಕ್ಕದ ಮನಿ ಅದೇ. ಊರುದ್ದ ಯಾರು ಓಡಾಡ್ತಾರೆ?" ಎಂದಳು. ಪೊಲೀಸಪ್ಪ ಬಂದಾಗಲೂ ಬಿಡಲಿಲ್ಲ. "ಕೋಲು ಈಗ ಅವರತ್ರ ಐತೆ ಸಾರ್. ಊರು ಕಾಯೋರನ್ನೇ ಹಿಡ್ಕೊಂಡು ಹೋದ್ರೆ ಊರು ನೀವು ಕಾಯ್ತೀರಾ?" ಎಂದಳಂತೆ. ಅವನು ಟೀ ಕುಡಿದು ವಾಪಸ್ ಹೋದ.

ಊರ ಹಿರಿಯರು ಗೊಣಗಿದರು, ಆದರೆ ಕೋಲನ್ನು ಕಿತ್ತು ತರಲಿಲ್ಲ. ಎಲ್ಲರ ಕಣ್ಣೂ ಮಹೇಶ್ವರಪ್ಪನವರ ಬಾಗಿಲ ಮೇಲೆ. ಅವರು ಎತ್ತಿಕೊಂಡರೆ ಸರದಿ ಸುತ್ತುತ್ತದೆ. ಎತ್ತಿಕೊಳ್ಳದಿದ್ದರೆ ಕೋಲು ಅಲ್ಲಿಗೇ ನಿಲ್ಲುತ್ತದೆ, ಜೀಪು ಮತ್ತೆ ಮೋರಿ ದಾಟುತ್ತದೆ, ಹನುಮಂತನ ಯೂನಿಫಾರಂ ಹೋಗುತ್ತದೆ.

ಕಾಲೋನಿಯ ಕೊನೆಯ ಸರದಿಯನ್ನು ಹನುಮಂತ ಕೇಳಿ ಪಡೆದಿದ್ದ. "ನಾಳೆ ರಾತ್ರಿ ನಂದು ಮೇಡಂ. ನಾಡಿದ್ದು ಬೆಳಿಗ್ಗೆ ಅವರ ಬಾಗ್ಲಿಗೆ ಇಡೋನೂ ನಾನೇ. ಬರ್ರಿ," ಎಂದ. ಆಗ ನನಗೆ ನಿವೃತ್ತಿಯಾಗಿತ್ತು. ಚಿತ್ರ ಕೊಟ್ಟಾಗಿತ್ತು, ಸಾಹೇಬರ ಲೆಕ್ಕದಲ್ಲಿ ಆ ಊರು ಮುಗಿದಿತ್ತು. ಹಿಂದಿನ ಸಂಜೆಯೇ ಹೋಗಿ ರೇಣುಕಮ್ಮನ ಮನೆಯಲ್ಲಿ ಉಳಿದೆ.

ಬೆಳಕು ಹರಿದಾಗ ಹನುಮಂತ ಯೂನಿಫಾರಂ ಹಾಕಿಕೊಂಡೇ ಬಂದ. ಕೋಲನ್ನು ಮಹೇಶ್ವರಪ್ಪನವರ ಬಾಗಿಲ ಚೌಕಟ್ಟಿಗೆ ಒರಗಿಸಿ ರಸ್ತೆಗೆ ಸರಿದು ನಿಂತ. ನಾನು ಎದುರು ಕಟ್ಟೆಯಿಂದ ಕ್ಯಾಮೆರಾ ಹಿಡಿದಿದ್ದೆ. ಆ ಶಾಟ್ ಅಲುಗಿದೆ, ಯಾವ ಚಿತ್ರಕ್ಕೂ ಆಗುವುದಿಲ್ಲ. ಕಿಟಕಿಯ ಒಳಗೆ ಮಹೇಶ್ವರಪ್ಪ ನಿಂತಿದ್ದು ಕಾಣುತ್ತಿತ್ತು. ಹೊರಗೆ ಬರಲಿಲ್ಲ.

ಬಂದವರು ಗೌರಮ್ಮ, ಹಿತ್ತಲ ಕಡೆಯಿಂದ, ಸಗಣಿ ನೀರಿನ ಬಕೆಟ್ ಹಿಡಿದು, ಅಂಗಳಕ್ಕೆ ಚಿಮುಕಿಸಲು. ಚಿಮುಕಿಸುತ್ತ ಚಿಮುಕಿಸುತ್ತ ಬಾಗಿಲ ಹತ್ತಿರ ಬಂದರು, ಕೋಲು ಕಂಡು ನಿಂತರು. ಕೈಯಲ್ಲಿ ನೀರಿತ್ತು. ಒಂದು ಬೊಗಸೆ ಕೋಲಿನ ಮೇಲೆ ಬಿದ್ದರೂ ಸಾಕಿತ್ತು, ಮೈಲಿಗೆ ತೊಳೆದಂತಾಗಿ ಇಡೀ ಊರಿಗೆ ಉತ್ತರ ಸಿಗುತ್ತಿತ್ತು.

"ಯಾರೋ ಅದು ಅಲ್ಲಿ?"

"ನಾನಮ್ಮ, ಹನುಮಂತ. ಹುಚ್ಚಪ್ಪನ ಮಗ."

ಮುದುಕಿ ಬಕೆಟ್ ಕೆಳಗಿಟ್ಟು ಎಡಗೈಯಿಂದ ಕೋಲನ್ನು ಎತ್ತಿ ಹಿಡಿದರು, ನೀರು ತಾಗದ ಹಾಗೆ. ಬಲಗೈಯಿಂದ ಅದರ ಕೆಳಗಿನ ನೆಲಕ್ಕೆ ನೀರು ಚಿಮುಕಿಸಿದರು. ಆಮೇಲೆ ಕೋಲನ್ನು ಹೊರಗೆ ಇಡದೆ, ಅದನ್ನೇ ಊರಿಕೊಂಡು ಒಳಗೆ ಹೋದರು. ಒಳಗಿನಿಂದ ದನಿ ಕೇಳಿತು: "ಮಹೇಶಾ, ಹಿಡಿ. ಇವತ್ತು ನಿಂದು." ಮತ್ತೆ ಹೊಸ್ತಿಲಿಗೆ ಬಂದು ಹನುಮಂತನನ್ನು ಗದರಿದರು: "ನಿಂತು ಏನು ನೋಡ್ತೀಯಾ? ರಾತ್ರಿಯೆಲ್ಲ ಎದ್ದಿದ್ದೀಯ, ಹೋಗಿ ಮಲಿಕ್ಕೋ."

"ಡ್ಯೂಟಿ ಐತಮ್ಮ, ಹೊನ್ನಾಳಿಗೆ ಹೋಗ್ಬೇಕು," ಎಂದ ಹನುಮಂತ.

ಇಬ್ಬರೂ ಒಂದೇ ಬಸ್ ಹತ್ತಿದೆವು. ಕಿಟಕಿ ಪಕ್ಕ ಕೂತವನು, "ಹೊನ್ನಾಳಿ ಬಂದ್ರೆ ಎಬ್ಬಿಸ್ರಿ ಮೇಡಂ," ಎಂದ. ಬಸ್ಸು ಊರು ದಾಟುವ ಮೊದಲೇ ಬಾಯಿ ತೆರೆದು, ಟೋಪಿ ಜಾರಿ, ಗಾಢ ನಿದ್ದೆ. ಕಂಡಕ್ಟರ್ ಟಿಕೆಟ್ ಎಂದು ಕೂಗಿದಾಗಲೂ, ಬಸ್ಸು ಗುಂಡಿಗೆ ಬಿದ್ದು ಎದ್ದಾಗಲೂ ಅವನಿಗೆ ಎಚ್ಚರವಾಗಲಿಲ್ಲ. ಹೊನ್ನಾಳಿ ಬಂತು. ಜನ ಎಲ್ಲ ಇಳಿದರು.

"ಎಬ್ಬಿಸ್ರೀ ಅವರನ್ನ," ಎಂದ ಕಂಡಕ್ಟರ್.

"ಸ್ವಲ್ಪ ತಡೀರಿ," ಎಂದೆ.